ಮಾಯವಾದ ಹೆಂಗಸು ಹೋದದ್ದೆಲ್ಲಿಗೆ?

ಪ್ರಶ್ನೆ: ನೂರು ವರ್ಷಕ್ಕೂ ಹಳೆಯ ಮೂಕಿಚಿತ್ರಗಳನ್ನು ಈಚೆಗೆ ಮನೆಯಲ್ಲಿ ಕೂತು ನೋಡುತ್ತಿದ್ದೇವೆ. ಅವುಗಳಲ್ಲಿ ಮನುಷ್ಯರು ತಟ್ಟನೆ ಮಾಯವಾಗುತ್ತಾರೆ, ತಲೆಯನ್ನು ಕಳಚಿ ಮೇಜಿನ ಮೇಲಿಡುತ್ತಾರೆ. ಹತ್ತನೆಯ ತರಗತಿಯಲ್ಲಿರುವ ನನ್ನ ಮಗ, ‘ಕ್ಯಾಮೆರಾ ನಿಲ್ಲಿಸಿದರೆ ಆಯಿತು, ಅದರಲ್ಲೇನಿದೆ’ ಎಂದು ಮೊಬೈಲಿನಲ್ಲಿ ತಂಗಿಯನ್ನು ಮಾಯ ಮಾಡಿ ತೋರಿಸಿದ. ಆದರೆ ಅವಳು ಮಾಯವಾದಂತೆ ಅನ್ನಿಸಲಿಲ್ಲ. ಚಿತ್ರವೇ ಎಲ್ಲೋ ಹರಿದುಹೋದಂತೆ ಕಂಡಿತು. ಆ ಕಾಲದವರು ಹೇಗೆ ಮಾಡುತ್ತಿದ್ದರು? ಇದಕ್ಕೆ ಜಾದೂಗಾರರೇ ಕೈಹಾಕಿದ್ದೇಕೆ?

ಉತ್ತರ: ‘ಚಿತ್ರವೇ ಹರಿದುಹೋದಂತೆ’ ಎಂದು ಬರೆದಿದ್ದೀರಿ. ಆ ಮಾತನ್ನೇ ಹಿಡಿದು ಹೊರಡುತ್ತೇನೆ, ಏಕೆಂದರೆ ಗುಟ್ಟು ಇರುವುದು ಅಲ್ಲೇ. ನಿಮ್ಮ ಮಗ ಹೇಳಿದ್ದು ಸುಳ್ಳಲ್ಲ. ಕ್ಯಾಮೆರಾ ನಿಲ್ಲಿಸುತ್ತಿದ್ದರು, ಪಾತ್ರಧಾರಿಯನ್ನು ಆಚೆಗೆ ಕಳಿಸುತ್ತಿದ್ದರು, ಮತ್ತೆ ಚಾಲೂ ಮಾಡುತ್ತಿದ್ದರು. ಆದರೆ ಅಷ್ಟಕ್ಕೆ ಅರ್ಧ ಕೆಲಸವಷ್ಟೇ ಆಗುತ್ತಿತ್ತು. ಉಳಿದರ್ಧ ನಡೆಯುತ್ತಿದ್ದುದು ಆಮೇಲೆ, ಮೇಜಿನ ಮೇಲೆ, ಕತ್ತರಿ ಮತ್ತು ಅಂಟಿನ ಜೊತೆ.

ಫಿಲ್ಮನ್ನು ಕೈಯಲ್ಲಿ ಹಿಡಿದು ಕತ್ತರಿಸುತ್ತಿದ್ದ ಕಾಲದಲ್ಲಿ ನಾನು ಸಂಕಲನ ಕಲಿತೆ. ಎರಡು ತುಂಡುಗಳನ್ನು ಕೂಡಿಸಬೇಕಾದರೆ ಒಂದರ ಅಂಚಿನಲ್ಲಿದ್ದ ಲೇಪವನ್ನು ಬ್ಲೇಡಿನಿಂದ ಹೆರೆಯಬೇಕು, ಫಿಲ್ಮ್ ಸಿಮೆಂಟ್ ಎಂಬ ಅಂಟನ್ನು ತೆಳುವಾಗಿ ಸವರಬೇಕು, ಇನ್ನೊಂದು ತುಂಡನ್ನು ರಂಧ್ರಕ್ಕೆ ರಂಧ್ರ ಕೂಡುವಂತೆ ಅದರ ಮೇಲೆ ಕೂರಿಸಿ ಒತ್ತಿ ಹಿಡಿಯಬೇಕು. ಕೈ ಕೂದಲೆಳೆಯಷ್ಟು ಸರಿದರೂ ಪರದೆಯ ಮೇಲೆ ಚಿತ್ರ ಕುಪ್ಪಳಿಸುತ್ತಿತ್ತು. ಅಂಥ ಸಾವಿರಾರು ಜೋಡಣೆಗಳನ್ನು ಮಾಡಿದ ಕೈಯಿಂದ ಈ ಉತ್ತರ ಬರೆಯುತ್ತಿದ್ದೇನೆ. ಆದ್ದರಿಂದ ಈ ವಿಷಯದಲ್ಲಿ ನನಗೆ ಕತ್ತರಿಯ ಮೇಲೆ ಸ್ವಲ್ಪ ಪಕ್ಷಪಾತ ಇದ್ದೀತು.

1890ರ ದಶಕದ ಕ್ಯಾಮೆರಾದ ಪಕ್ಕದಲ್ಲಿ ಒಂದು ಹಿಡಿಕೆ ಇರುತ್ತಿತ್ತು. ಅದನ್ನು ಒಂದೇ ಲಯದಲ್ಲಿ ತಿರುಗಿಸಿದರೆ ಸೆಕೆಂಡಿಗೆ ಸುಮಾರು 16 ಫ್ರೇಮ್, ಅಂದರೆ ಬಿಡಿ ಚಿತ್ರಗಳು, ಮೂಡುತ್ತಿದ್ದವು. ತಿರುಗಿಸುವುದನ್ನು ನಿಲ್ಲಿಸಿದೊಡನೆ ಯಂತ್ರ ಗಕ್ಕನೆ ನಿಲ್ಲುವುದಿಲ್ಲ. ಬೀಸುಕಲ್ಲಿನಂತೆ ವೇಗ ಕಳೆದುಕೊಳ್ಳುತ್ತ ನಿಲ್ಲುತ್ತದೆ. ವೇಗ ಇಳಿದಂತೆಲ್ಲ ಒಂದೊಂದು ಫ್ರೇಮಿನ ಮೇಲೂ ಹೆಚ್ಚು ಹೊತ್ತು ಬೆಳಕು ಬೀಳುತ್ತದೆ. ಮತ್ತೆ ಶುರು ಮಾಡಿದಾಗಲೂ ಇದೇ ಕಥೆ. ಹೀಗೆ ನಿಲ್ಲಿಸಿದ ಜಾಗದ ಎರಡೂ ಕಡೆ ಕೆಲವು ಫ್ರೇಮ್‌ಗಳು ಬೆಳಕು ಕುಡಿದು ಬಿಳಿಚಿಕೊಂಡಿರುತ್ತವೆ. ಅವನ್ನು ಹಾಗೆಯೇ ಬಿಟ್ಟರೆ ಹೆಂಗಸು ಮಾಯವಾಗುವ ಮೊದಲೇ ಪರದೆ ಒಮ್ಮೆ ಮಿಂಚಿ, ‘ಇಲ್ಲೇನೋ ಮಾಡಿದರು’ ಎಂದು ನೋಡುವವರಿಗೆ ಹೇಳಿಬಿಡುತ್ತದೆ.

ನೀವು ನೋಡಿದಂಥ ಚಿತ್ರಗಳನ್ನು ಮಾಡಿದ ಪ್ಯಾರಿಸ್ಸಿನ ಜಾದೂಗಾರ ಜಾರ್ಜ್ ಮೆಲಿಯೆಸ್ ಅದಕ್ಕೇ ನೆಗೆಟಿವ್‌ನಲ್ಲಿ ಆ ಫ್ರೇಮ್‌ಗಳನ್ನು ಕತ್ತರಿಸಿ ತೆಗೆದು, ಹಿಂದಿನ ಭಂಗಿಯೂ ಮುಂದಿನ ಭಂಗಿಯೂ ಸರಿಯಾಗಿ ಕೂಡುವ ಎರಡು ಫ್ರೇಮ್‌ಗಳನ್ನು ಹುಡುಕಿ ಅಂಟಿಸುತ್ತಿದ್ದ. ಇದು ಬಹಳ ಕಾಲ ಯಾರ ಗಮನಕ್ಕೂ ಬಂದಿರಲಿಲ್ಲ. ಅವನ ಮರಿಮಗ, ಸಂಶೋಧಕ ಜಾಕ್ ಮಾಲ್ತೆತ್ ಉಳಿದಿದ್ದ ಹಳೆಯ ಪ್ರತಿಗಳನ್ನು ಕೈಯಲ್ಲಿ ಹಿಡಿದು ಫ್ರೇಮ್ ಫ್ರೇಮಾಗಿ ಪರೀಕ್ಷಿಸಿದಾಗ, ಮಾಯವಾಗುವ ಕ್ಷಣಗಳಲ್ಲೆಲ್ಲ ಜೋಡಣೆಯ ಗೆರೆ ಕಂಡಿತು. ‘ಸಂಕಲನ ಗೊತ್ತಿಲ್ಲದ, ನಾಟಕವನ್ನೇ ಚಿತ್ರೀಕರಿಸಿದ ಮನುಷ್ಯ’ ಎಂದು ಸಿನಿಮಾ ಇತಿಹಾಸಗಳು ಯಾರನ್ನು ಬದಿಗೆ ಸರಿಸಿದ್ದವೋ ಅವನೇ ತನ್ನ ಕಾಲದ ಅತಿ ಸೂಕ್ಷ್ಮ ಸಂಕಲನಕಾರನಾಗಿದ್ದ. ಜೋಡಣೆ ಕಾಣಬಾರದು ಎಂಬುದೇ ಅವನ ಗುರಿಯಾಗಿತ್ತು, ಮತ್ತು ಅದು ಎಷ್ಟು ಚೆನ್ನಾಗಿ ಫಲಿಸಿತೆಂದರೆ ವಿದ್ವಾಂಸರಿಗೂ ದಶಕಗಳ ಕಾಲ ಕಾಣಲಿಲ್ಲ.

ಈಗ ನಿಮ್ಮ ಎರಡನೆಯ ಪ್ರಶ್ನೆ: ಜಾದೂಗಾರರೇ ಏಕೆ?

1861ರಲ್ಲಿ ಪ್ಯಾರಿಸ್ಸಿನಲ್ಲಿ ಹುಟ್ಟಿದ ಮೆಲಿಯೆಸ್ ಬೂಟುಗಳ ಕಾರ್ಖಾನೆ ನಡೆಸುತ್ತಿದ್ದವರ ಮಗ. 1888ರಲ್ಲಿ ಅವನು ರಾಬೇರ್ ಊದ್ಯಾಂ ರಂಗಮಂದಿರವನ್ನು ಕೊಂಡುಕೊಂಡ. ಗಡಿಯಾರ ಮಾಡುವ ಕಸುಬಿನಿಂದ ಬಂದು ಆಧುನಿಕ ಜಾದೂವಿಗೆ ದೊಡ್ಡ ಹೆಸರಾದ ರಾಬೇರ್ ಊದ್ಯಾಂ ಅವರ ಹೆಸರಿನ ಮಂದಿರ ಅದು. ವೇದಿಕೆಯ ಕೆಳಗೆ ಕಳ್ಳಬಾಗಿಲುಗಳು, ಹಗ್ಗಗಳು, ರಾಟೆಗಳು, ಕನ್ನಡಿಗಳು. 1895ರ ಡಿಸೆಂಬರ್ 28ರಂದು ಲೂಮಿಯೇರ್ ಸಹೋದರರ ಸಿನಿಮಾಟೋಗ್ರಾಫ್ ಎಂಬ ಚಲನಚಿತ್ರ ಯಂತ್ರ ಮೊದಲ ಸಲ ಹಣ ಕೊಟ್ಟು ಬಂದ ಪ್ರೇಕ್ಷಕರಿಗೆ ಪ್ರದರ್ಶನವಾದಾಗ ಅವನೂ ಅಲ್ಲಿದ್ದ. ಕೂಡಲೇ ಯಂತ್ರ ಕೊಳ್ಳಲು ಮುಂದಾದ. ಲೂಮಿಯೇರರ ತಂದೆ ಆಂತ್ವಾನ್ ಕೊಡಲಿಲ್ಲ. ಮರುವರ್ಷ ಲಂಡನ್ನಿನ ರಾಬರ್ಟ್ ಪೌಲ್ ತಯಾರಿಸಿದ ಪ್ರೊಜೆಕ್ಟರ್ ತಂದು, ಅದರ ಅಂಗಾಂಗ ನೋಡಿ ತನ್ನದೇ ಕ್ಯಾಮೆರಾ ಮಾಡಿಕೊಂಡ. ಲಂಡನ್ನಿನ ಈಜಿಪ್ಷಿಯನ್ ಹಾಲ್‌ನ ಜಾದೂಗಾರ ಡೇವಿಡ್ ಡೆವಾಂಟ್ ಅದೇ ವರ್ಷ ಪೌಲ್‌ನ ಯಂತ್ರ ಕೊಂಡ. ಕಾರ್ಲ್ ಹರ್ಟ್ಸ್ ಎಂಬ ಇನ್ನೊಬ್ಬ ಜಾದೂಗಾರ ಅಂಥದ್ದೇ ಯಂತ್ರ ಹೊತ್ತು ದಕ್ಷಿಣ ಆಫ್ರಿಕ, ಆಸ್ಟ್ರೇಲಿಯಗಳಿಗೆ ಹಡಗು ಹತ್ತಿದ. ಇವರ ಕಣ್ಣಿಗೆ ಸಿನಿಮಾ ಹೊಸದೊಂದು ಕಲೆಯಾಗಿ ಕಂಡಿರಲಿಲ್ಲ. ಪೆಟ್ಟಿಗೆಯಲ್ಲಿದ್ದ ಸಲಕರಣೆಗಳ ಜೊತೆಗೆ ಇದೂ ಒಂದು ಎಂದು ಕಂಡಿತ್ತು.

1896ರಲ್ಲಿ ಮೆಲಿಯೆಸ್ ಮಾಡಿದ, ಒಂದು ನಿಮಿಷದಷ್ಟೇ ಉದ್ದದ ಒಂದು ಚಿತ್ರವಿದೆ. ರಾಬೇರ್ ಊದ್ಯಾಂ ಮಂದಿರದಲ್ಲಿ ಒಬ್ಬ ಹೆಂಗಸನ್ನು ಮಾಯ ಮಾಡುವುದು ಎಂಬುದೇ ಅದರ ಹೆಸರು. ನಿಮ್ಮ ಮಗನಿಗೆ ಇದನ್ನು ತೋರಿಸಿ. ಆದರೆ ಮಾಯವಾಗುವ ಹೆಂಗಸಿನ ಮೇಲೆ ಕಣ್ಣಿಡದೆ, ಅದಕ್ಕೂ ಮೊದಲು ನಡೆಯುವುದನ್ನು ನೋಡಲು ಹೇಳಿ. ಜಾದೂಗಾರ ಬರುತ್ತಾನೆ. ಒಂದು ಪತ್ರಿಕೆಯನ್ನು ತೋರಿಸಿ ಅಚ್ಚುಕಟ್ಟಾಗಿ ನೆಲದ ಮೇಲೆ ಹರಡುತ್ತಾನೆ. ಅದರ ಮೇಲೆ ಕುರ್ಚಿ ಇಡುತ್ತಾನೆ. ಹೆಂಗಸು ಕೂರುತ್ತಾಳೆ. ಅವಳ ಮೇಲೆ ದೊಡ್ಡದೊಂದು ಬಟ್ಟೆ ಹೊದಿಸುತ್ತಾನೆ, ಎಳೆಯುತ್ತಾನೆ, ಕುರ್ಚಿ ಖಾಲಿ.

ಆ ಪತ್ರಿಕೆ ಏಕೆ?

ಆ ಜಾದೂವಿನ ಮೂಲ ಬ್ಯೂತಿಯೆ ದ ಕೋಲ್ಟಾ ಎಂಬ ಜಾದೂಗಾರ 1886ರಲ್ಲಿ ರಂಗದ ಮೇಲೆ ಮಾಡಿ ಹೆಸರಾದ ಪ್ರಯೋಗ. ಹೆಂಗಸು ನೆಲದ ಕಳ್ಳಬಾಗಿಲಿನಿಂದ ಕೆಳಗಿಳಿಯುತ್ತಿದ್ದಳು. ಪ್ರೇಕ್ಷಕರಿಗೆ ಆ ಅನುಮಾನ ಬರುವುದು ಗೊತ್ತಿದ್ದದ್ದೇ. ಅದಕ್ಕಾಗಿ ಕುರ್ಚಿಯ ಕೆಳಗೆ ಪತ್ರಿಕೆ ಹರಡುತ್ತಿದ್ದ: ‘ನೋಡಿ, ಕಾಗದ ಹರಿಯದೆ ಇವಳು ಕೆಳಗೆ ಹೋಗಲಾರಳು’. ಆ ಪತ್ರಿಕೆ ಕಾಗದದ್ದಾಗಿರಲಿಲ್ಲ. ಪತ್ರಿಕೆಯಂತೆಯೇ ಅಚ್ಚು ಹಾಕಿದ ರಬ್ಬರ್ ಹಾಳೆ ಅದು, ಕಾಣದಂತೆ ಸೀಳಿಟ್ಟಿದ್ದು.

ಮೆಲಿಯೆಸ್ ತನ್ನ ಚಿತ್ರವನ್ನು ತೆಗೆದದ್ದು ಪ್ಯಾರಿಸ್ ಪಕ್ಕದ ಮೋಂತ್ರೆಯ್‌ನಲ್ಲಿದ್ದ ಕುಟುಂಬದ ತೋಟದಲ್ಲಿ, ಬಯಲಿನಲ್ಲಿ, ಹಿಂದೆ ಬಣ್ಣ ಬಳಿದ ಪರದೆ ಕಟ್ಟಿ. ಅಲ್ಲಿ ಕಳ್ಳಬಾಗಿಲು ಬೇಕಾಗಿರಲಿಲ್ಲ. ಕ್ಯಾಮೆರಾ ನಿಂತಾಗ ಹೆಂಗಸು ಎದ್ದು ನಡೆದುಹೋದರೆ ಆಗಿತ್ತು. ಆದರೂ ಪತ್ರಿಕೆ ಹರಡಿದ. ಪ್ರೇಕ್ಷಕರ ಮನಸ್ಸಿನಲ್ಲಿ ಅನುಮಾನ ಇದ್ದದ್ದು ನೆಲದ ಮೇಲೆ. ಅದನ್ನು ಅಲ್ಲಿಯೇ ತೀರಿಸಿಬಿಟ್ಟರೆ ಇನ್ನೆಲ್ಲಿ ಹುಡುಕಬೇಕೆಂಬುದು ಅವರಿಗೆ ಹೊಳೆಯದು. ನಮ್ಮ ಭಾಷೆಯಲ್ಲಿ ಇದಕ್ಕೆ ಕಣ್ಕಟ್ಟು ಎಂಬ ಮಾತಿದೆ. ಕಣ್ಣನ್ನು ಕಟ್ಟುವುದು ಎಂದರೆ ಕತ್ತಲು ಮಾಡುವುದಲ್ಲ, ಬೇಡದ ಗೂಟಕ್ಕೆ ಕಟ್ಟಿಹಾಕುವುದು. ನೆಲದಲ್ಲಿದ್ದ ಕಳ್ಳಬಾಗಿಲು ಆ ದಿನ ಎರಡು ಫ್ರೇಮ್‌ಗಳ ನಡುವಿನ ಸಂದಿಗೆ ಸ್ಥಳ ಬದಲಾಯಿಸಿತು. ಕ್ಯಾಮೆರಾ ನಿಲ್ಲಿಸುವುದನ್ನು ಯಾವ ಮೆಕ್ಯಾನಿಕ್ ಬೇಕಾದರೂ ಮಾಡಬಹುದಿತ್ತು. ಪತ್ರಿಕೆ ಹರಡಬೇಕೆಂದು ತೋಚಲು ಜಾದೂಗಾರನೇ ಬೇಕಿತ್ತು.

ಮುಂದಿನದು ಇನ್ನೂ ಸೊಗಸು. ಹೆಂಗಸನ್ನು ಮರಳಿ ಕರೆಯಲು ಅವನು ಬರಿಗೈಯಲ್ಲಿ, ಬಟ್ಟೆಯಿಲ್ಲದೆ ಮಂತ್ರ ಹಾಕುತ್ತಾನೆ. ಕುರ್ಚಿಯಲ್ಲಿ ಒಂದು ಅಸ್ಥಿಪಂಜರ ಪ್ರತ್ಯಕ್ಷ! ಇದು ದ ಕೋಲ್ಟಾನ ಪ್ರಯೋಗದಲ್ಲಿ ಇರಲಿಲ್ಲ. ರಂಗದ ಮೇಲೆ ಹಾಗೆ ಮಾಡುವುದು ಸುಲಭವೂ ಅಲ್ಲ. ಹಳೆಯ ಜಾದೂವನ್ನು ನಕಲು ಮಾಡುತ್ತ ಮಾಡುತ್ತಲೇ ಹೊಸ ಯಂತ್ರದ ಕಸುವು ಅವನ ಕೈಗೆ ತಗುಲಿದ್ದು ಆ ಒಂದು ಕ್ಷಣದಲ್ಲಿ ನಮಗೂ ಕಾಣುತ್ತದೆ. ನಾನು ಎಷ್ಟು ಸಲ ನೋಡಿದರೂ ಅಲ್ಲಿ ರೋಮಾಂಚನವಾಗುತ್ತದೆ.

ಈ ತಂತ್ರ ಹೊಳೆದ ಬಗೆಯನ್ನು ಮೆಲಿಯೆಸ್ ಸ್ವತಃ 1907ರ ಒಂದು ಲೇಖನದಲ್ಲಿ ಹೇಳಿಕೊಂಡಿದ್ದಾನೆ. ಪ್ಯಾರಿಸ್ಸಿನ ಒಪೇರಾ ಚೌಕದಲ್ಲಿ ಚಿತ್ರೀಕರಣ ಮಾಡುವಾಗ ಫಿಲ್ಮ್ ಸಿಕ್ಕಿಕೊಂಡಿತಂತೆ. ಬಿಡಿಸಿಕೊಂಡು ಮುಂದುವರಿಸುವಷ್ಟರಲ್ಲಿ ಒಂದು ನಿಮಿಷ ಕಳೆದಿತ್ತು. ಪರದೆಯ ಮೇಲೆ ನೋಡಿದರೆ ಜನ ತುಂಬಿದ ಕುದುರೆ ಬಸ್ಸು ಶವ ಸಾಗಿಸುವ ಗಾಡಿಯಾಗಿತ್ತು. ಕಥೆ ಬಲು ಚೆಂದ, ಎಲ್ಲ ಪುಸ್ತಕಗಳಲ್ಲೂ ಇದೆ. ನಾನು ಅದಕ್ಕೆ ಹೆಚ್ಚು ತೂಕ ಕೊಡುವುದಿಲ್ಲ. 1895ರಲ್ಲೇ ಅಮೆರಿಕದಲ್ಲಿ ಎಡಿಸನ್ ಕಂಪನಿಗೆ ಆಲ್‌ಫ್ರೆಡ್ ಕ್ಲಾರ್ಕ್ ತೆಗೆದ, ಇಪ್ಪತ್ತು ಸೆಕೆಂಡೂ ಇಲ್ಲದ ಚಿತ್ರದಲ್ಲಿ ಸ್ಕಾಟ್ಲೆಂಡಿನ ರಾಣಿ ಮೇರಿಯ ಶಿರಚ್ಛೇದ ಹೀಗೆಯೇ ನಡೆದಿತ್ತು. ಪಾತ್ರಧಾರಿ ತಲೆ ಬಾಗಿಸಿದೊಡನೆ ಕ್ಯಾಮೆರಾ ನಿಂತಿತು, ಸುತ್ತಲಿದ್ದವರೆಲ್ಲ ಅಲುಗಾಡದೆ ನಿಂತರು, ಪಾತ್ರಧಾರಿಯ ಜಾಗಕ್ಕೆ ಬೊಂಬೆ ಬಂತು, ಕೊಡಲಿ ಬಿತ್ತು. ರಾಣಿಯ ಪಾತ್ರ ಮಾಡಿದ್ದು ರಾಬರ್ಟ್ ಥೋಮೆ ಎಂಬ ಗಂಡಸು. ತಂತ್ರವನ್ನು ಮೊದಲು ಮಾಡಿದವರು ಯಾರು ಎಂಬ ಲೆಕ್ಕ ಇಟ್ಟರೆ ಎಡಿಸನ್ ಕಂಪನಿಯವರು ಗೆದ್ದರು. ಆದರೆ ಅವರು ಒಂದು ಇತಿಹಾಸದ ದೃಶ್ಯವನ್ನು ನಂಬಿಸಲು ಅದನ್ನು ಬಳಸಿದರು, ಅಷ್ಟಕ್ಕೇ ಬಿಟ್ಟರು. ಮೆಲಿಯೆಸ್‌ಗೆ ಮಾಯವಾಗುವುದೇ ವಿಷಯವಾಗಿತ್ತು.

ತಲೆ ಕಳಚುವ ಚಿತ್ರದ ಬಗ್ಗೆ ಕೇಳಿದ್ದೀರಿ. ನೀವು ನೋಡಿದ್ದು 1898ರದ್ದಿರಬೇಕು. ಮೆಲಿಯೆಸ್ ತನ್ನ ತಲೆಯನ್ನೇ ಕಿತ್ತು ಮೇಜಿನ ಮೇಲಿಡುತ್ತಾನೆ, ಕತ್ತಿನ ಮೇಲೆ ಇನ್ನೊಂದು ತಲೆ ಮೂಡುತ್ತದೆ, ಅದನ್ನೂ ಕೀಳುತ್ತಾನೆ. ಕೊನೆಗೆ ಮೇಜುಗಳ ಮೇಲೆ ಮೂರು ತಲೆ, ಮೈಮೇಲೆ ಒಂದು. ಅವನು ಬ್ಯಾಂಜೊ ನುಡಿಸುತ್ತಾನೆ, ತಲೆಗಳು ಹಾಡುತ್ತವೆ.

ಇಲ್ಲಿ ಕತ್ತರಿಯ ಜೊತೆಗೆ ಕಪ್ಪು ಬಟ್ಟೆ ಸೇರಿಕೊಂಡಿದೆ. ಫಿಲ್ಮಿನ ಮಟ್ಟಿಗೆ ಕಪ್ಪು ಎಂದರೆ ಏನೂ ಬರೆಯದ ಸ್ಲೇಟು. ಹಿಂದೆ ಕಪ್ಪು ಪರದೆ ಕಟ್ಟಿ ಚಿತ್ರ ತೆಗೆದರೆ ಆ ಭಾಗದ ಮೇಲೆ ಬೆಳಕು ಬೀಳುವುದಿಲ್ಲ; ಫಿಲ್ಮನ್ನು ಹಿಂದಕ್ಕೆ ಸುತ್ತಿ ಅದೇ ಜಾಗದಲ್ಲಿ ಇನ್ನೊಮ್ಮೆ ಬರೆಯಬಹುದು. ಮೊದಲ ಸರದಿಯಲ್ಲಿ ತಲೆಗೆ ಕಪ್ಪು ಚೀಲ ಹಾಕಿಕೊಂಡರೆ ತಲೆಯಿಲ್ಲದ ಮೈ. ಎರಡನೆಯ ಸರದಿಯಲ್ಲಿ ಕತ್ತಿನಿಂದ ಕೆಳಗೆ ಕಪ್ಪು ಮುಚ್ಚಿಕೊಂಡರೆ ಮೈಯಿಲ್ಲದ ತಲೆ. ಕೈಯಲ್ಲಿ ಹಿಡಿದು ಸಾಗಿಸುವಾಗ ಅದು ಬೊಂಬೆಯ ತಲೆ. ಮೇಜಿಗೆ ಮುಟ್ಟಿದ ಕ್ಷಣಕ್ಕೆ ಒಂದು ಜೋಡಣೆ. ಈ ಕಪ್ಪಿನ ಉಪಾಯವೂ ರಂಗದಿಂದಲೇ ಬಂದದ್ದು. 1880ರ ದಶಕದಲ್ಲಿ ಯುರೋಪಿನ ಜಾದೂಗಾರರು ಕಪ್ಪು ಮಖಮಲ್ಲಿನ ರಂಗದ ಮೇಲೆ ಕಪ್ಪು ಮಖಮಲ್ಲು ತೊಟ್ಟ ಸಹಾಯಕರನ್ನು ನಿಲ್ಲಿಸಿ, ವಸ್ತುಗಳು ತಾವಾಗಿ ಹಾರಾಡುವಂತೆ ಮಾಡುತ್ತಿದ್ದರು.

ಆ ಚಿತ್ರದ ನಡುವೆ ಮೆಲಿಯೆಸ್ ಒಂದು ಕೆಲಸ ಮಾಡುತ್ತಾನೆ. ತಲೆ ಇಟ್ಟ ಮೇಜಿನ ಕೆಳಗೆ ತೂರಿ ಆಚೆ ಬರುತ್ತಾನೆ. ಇದು ಪತ್ರಿಕೆಯ ತಮ್ಮ. 1865ರಿಂದ ಲಂಡನ್ನಿನಲ್ಲಿ ಹೆಸರಾಗಿದ್ದ ಮಾತಾಡುವ ತಲೆಯ ಜಾದೂವಿನಲ್ಲಿ ಮೇಜಿನ ಕಾಲುಗಳ ನಡುವೆ ಓರೆಯಾಗಿ ಕನ್ನಡಿಗಳನ್ನು ನಿಲ್ಲಿಸಿ ಅದರ ಹಿಂದೆ ಮನುಷ್ಯನನ್ನು ಕೂರಿಸುತ್ತಿದ್ದರು. ‘ಕನ್ನಡಿ ಇರಬೇಕು’ ಎಂದು ಪ್ರೇಕ್ಷಕ ಎಣಿಸುವ ಹೊತ್ತಿಗೆ ಸರಿಯಾಗಿ ಮೆಲಿಯೆಸ್ ಅದೇ ಜಾಗದಲ್ಲಿ ನುಸುಳಿ, ಕನ್ನಡಿ ಇಲ್ಲವೆಂದು ತೋರಿಸುತ್ತಾನೆ.

1900ರ ಇನ್ನೊಂದು ಚಿತ್ರದಲ್ಲಿ ಏಳು ಮಂದಿ ಮೆಲಿಯೆಸ್ ಸಾಲಾಗಿ ಕೂತು ವಾದ್ಯ ನುಡಿಸುತ್ತಾರೆ. ಒಂದೇ ಫಿಲ್ಮ್ ಏಳು ಸಲ ಕ್ಯಾಮೆರಾದೊಳಗೆ ಹಾದು ಹೋಗಬೇಕು. ಎರಡನೆಯವನು ಬಲಕ್ಕೆ ತಿರುಗಿ ಮೂರನೆಯವನನ್ನು ನೋಡಬೇಕಾದರೆ, ಮೂರನೆಯವನು ಆ ಕ್ಷಣ ಏನು ಮಾಡುತ್ತಾನೆ ಎಂಬುದು ಇವನ ತಲೆಯಲ್ಲಿ ತಾಳದ ಮಾತ್ರೆಯಂತೆ ಓಡುತ್ತಿರಬೇಕು. ನೋಡಿಕೊಳ್ಳಲು ಮಾನಿಟರ್ ಇರಲಿಲ್ಲ. ಏಳನೆಯ ಸರದಿಯಲ್ಲಿ ಫಿಲ್ಮ್ ಹರಿದರೆ ಹಿಂದಿನ ಆರೂ ನೀರುಪಾಲು. ನಮ್ಮ ದ್ವಿಪಾತ್ರದ ಚಿತ್ರಗಳಲ್ಲಿ ಅಣ್ಣ ತಮ್ಮ ಎದುರುಬದುರು ನಿಂತು ಮಾತನಾಡುವುದನ್ನು ನೋಡಿ ಬೆಳೆದ ನಾವು ಈ ಶ್ರಮವನ್ನು ಸ್ವಲ್ಪ ಊಹಿಸಬಲ್ಲೆವು.

ನನಗೆ ಅತಿ ಇಷ್ಟವಾದದ್ದು ಮಾತ್ರ ರಬ್ಬರ್ ತಲೆಯ ಚಿತ್ರ, 1901ರದ್ದು. ಪ್ರಯೋಗಾಲಯದಲ್ಲಿ ಒಬ್ಬ ತನ್ನದೇ ಇನ್ನೊಂದು ತಲೆಯನ್ನು ಮೇಜಿನ ಮೇಲಿಟ್ಟು ತಿದಿಯಿಂದ ಗಾಳಿ ಊದುತ್ತಾನೆ. ತಲೆ ಬಲೂನಿನಂತೆ ದೊಡ್ಡದಾಗುತ್ತ ಹೋಗುತ್ತದೆ. ಮುಖ ಹಿಗ್ಗಿಸುವ ಮಸೂರ ಆಗ ಇರಲಿಲ್ಲ. ಮೆಲಿಯೆಸ್ ಕುರ್ಚಿ ಕಟ್ಟಿದ ಗಾಡಿಯಲ್ಲಿ ಕೂತು, ಕಪ್ಪು ಬಟ್ಟೆ ಮುಚ್ಚಿಕೊಂಡು, ಕ್ಯಾಮೆರಾದ ಕಡೆಗೆ ಎಳೆಸಿಕೊಂಡ. ಹತ್ತಿರ ಬಂದಷ್ಟೂ ತಲೆ ದೊಡ್ಡದು. ಆದರೆ ಸಮತಲದ ಮೇಲೆ ಹತ್ತಿರ ಬಂದರೆ ಕತ್ತಿನ ಬುಡ ಫ್ರೇಮಿನಲ್ಲಿ ಕೆಳಗೆ ಸರಿಯುತ್ತದೆ, ತಲೆ ಮೇಜಿನಿಂದ ಜಾರಿದಂತೆ ಕಾಣುತ್ತದೆ. ಅದಕ್ಕೆ ಇಳಿಜಾರು ಹಲಗೆ ಹಾಕಿ ಗಾಡಿ ಮುಂದೆ ಬಂದಂತೆಲ್ಲ ಮೇಲಕ್ಕೂ ಏರುವಂತೆ ಮಾಡಿದ. ಇಳಿಜಾರಿನ ಕೋನ ಒಂದಿಷ್ಟು ತಪ್ಪಿದರೂ ಕೆಲಸ ಕೆಡುತ್ತಿತ್ತು. ಒಂದು ನಗೆಯ ಚಿತ್ರಕ್ಕಾಗಿ ಬಡಗಿಯನ್ನು ಕೂರಿಸಿಕೊಂಡು ರೇಖಾಗಣಿತ ಮಾಡಿದ ಮನುಷ್ಯ ಅವನು.

1897ರಲ್ಲಿ ಅದೇ ತೋಟದಲ್ಲಿ ಅವನು ಗಾಜಿನ ಸ್ಟುಡಿಯೊ ಕಟ್ಟಿಸಿದ. ಬಿಸಿಲೇ ದೀಪ. ಆಗಿನ ಫಿಲ್ಮಿಗೆ ಕೆಂಪು ಬಣ್ಣ ಕಪ್ಪಾಗಿ ಕಾಣುತ್ತಿದ್ದುದರಿಂದ ಪರದೆಗಳನ್ನೆಲ್ಲ ಬೂದು ಛಾಯೆಗಳಲ್ಲೇ ಬರೆಸುತ್ತಿದ್ದ. ಬೇರೆಯವರೂ ಸುಮ್ಮನಿರಲಿಲ್ಲ: ಇಂಗ್ಲೆಂಡಿನಲ್ಲಿ ಜಿ. ಎ. ಸ್ಮಿತ್, ಜಾದೂಗಾರ ವಾಲ್ಟರ್ ಬೂತ್, ಫ್ರಾನ್ಸಿನ ಪಾಥೆ ಚಿತ್ರ ಕಂಪನಿಯಲ್ಲಿ ಸ್ಪೇನಿನ ಸೆಗುಂದೊ ದೆ ಶೊಮೊನ್ ಇದೇ ದಾರಿಯಲ್ಲಿ ನಡೆದರು. ಶೊಮೊನ್‌ನ ಕೈ ಕೆಲವು ಕಡೆ ಮೆಲಿಯೆಸ್‌ಗಿಂತ ನಯ ಎಂದೇ ನನ್ನ ಅಭಿಪ್ರಾಯ.

ಭಾರತದಲ್ಲಿ ಈ ಕೊಂಡಿ ಇನ್ನೂ ಗಟ್ಟಿ. ದಾದಾಸಾಹೇಬ್ ಫಾಲ್ಕೆಯವರು ಸಿನಿಮಾಕ್ಕೆ ಬರುವ ಮೊದಲು ಫೋಟೊಗ್ರಾಫರ್ ಆಗಿದ್ದರು, ಮುದ್ರಣ ಮಾಡಿದ್ದರು, ಮತ್ತು ಜಾದೂ ಕಲಿತು ತಮ್ಮ ಹೆಸರನ್ನೇ ತಿರುಗಿಸಿ ‘ಪ್ರೊಫೆಸರ್ ಕೆಲ್ಫಾ’ ಎಂದು ಪ್ರದರ್ಶನ ಕೊಟ್ಟಿದ್ದರು. 1912ರಲ್ಲಿ ಲಂಡನ್ನಿನಿಂದ ಕ್ಯಾಮೆರಾ ತಂದಾಗ ಹಣ ಹಾಕುವವರಿಗೆ ತೋರಿಸಲೆಂದು ಮಾಡಿದ್ದು ಬಟಾಣಿ ಕಾಳು ಮೊಳೆತು ಬಳ್ಳಿಯಾಗುವ ಪುಟ್ಟ ಚಿತ್ರ. ದಿನಗಟ್ಟಲೆ ಸ್ವಲ್ಪ ಸ್ವಲ್ಪವೇ ತೆಗೆದು ಕೂಡಿಸಿದ್ದು. ಅದೂ ಒಂದು ಜಾದೂವೇ. 1913ರ ‘ರಾಜಾ ಹರಿಶ್ಚಂದ್ರ’ಕ್ಕೆ ಅವರ ಪತ್ನಿ ಸರಸ್ವತಿಬಾಯಿಯವರು ಕತ್ತಲಲ್ಲಿ ಕೂತು ಫಿಲ್ಮಿಗೆ ರಂಧ್ರ ಹೊಡೆಯುತ್ತಿದ್ದರು. 1918ರ ಕೃಷ್ಣಜನ್ಮದ ಚಿತ್ರದಲ್ಲಿ ಕಂಸನಿಗೆ ತನ್ನ ತಲೆಯೇ ಮೈಯಿಂದ ಕಳಚಿ ಮೇಲಕ್ಕೆ ಹಾರಿದಂತೆ ಭ್ರಮೆಯಾಗುತ್ತದೆ. ಅದನ್ನು ಮೆಲಿಯೆಸ್‌ನ ತಲೆಗಳ ಪಕ್ಕ ಇಟ್ಟು ನೋಡಿ. ಉಪಾಯದ ಕುಲ ಒಂದೇ, ಪರಿಣಾಮ ಬೇರೆ. ಪ್ಯಾರಿಸ್ಸಿನಲ್ಲಿ ಜನ ನಕ್ಕರು. ಇಲ್ಲಿ ಅದು ಪಾಪಿಯೊಬ್ಬನ ಎದೆಯೊಳಗಿನ ಭಯವಾಯಿತು. ‘ಪ್ರತ್ಯಕ್ಷ’, ‘ಅಂತರ್ಧಾನ’ ಎಂಬ ಮಾತುಗಳನ್ನು ಹರಿಕಥೆಯಲ್ಲಿ ಕೇಳಿ ಬೆಳೆದ ಜನಕ್ಕೆ ಹೀಗೆ ಕಾಣಿಸಿಕೊಂಡು ಮರೆಯಾಗುವುದು ದೇವರ ಸಹಜ ನಡೆ. ನಮ್ಮ ವೃತ್ತಿ ನಾಟಕ ಕಂಪನಿಗಳ ಟ್ರಿಕ್ ಸೀನುಗಳಿಗೆ ಊರಿಗೆ ಊರೇ ಗಾಡಿ ಕಟ್ಟಿಕೊಂಡು ಬರುತ್ತಿದ್ದುದೂ ಇದೇ ಆಸೆಯಿಂದ.

ಇನ್ನು, ಮಾಯವಾದ ಆ ಹೆಂಗಸು. ಅವರ ಹೆಸರು ಜಾನ್ ದಾಲ್ಸಿ. ರಾಬೇರ್ ಊದ್ಯಾಂ ಮಂದಿರದ ನಟಿ. ಮೆಲಿಯೆಸ್ ನಷ್ಟದಲ್ಲಿ ಮುಳುಗಿ, 1923ರಲ್ಲಿ ತನ್ನ ನೆಗೆಟಿವ್‌ಗಳನ್ನು ತನ್ನ ಕೈಯಿಂದಲೇ ಸುಟ್ಟ. ಮಾಡಿದ 500ಕ್ಕೂ ಹೆಚ್ಚು ಚಿತ್ರಗಳಲ್ಲಿ ಈಗ ಉಳಿದಿರುವುದು ಅರ್ಧಕ್ಕಿಂತ ಕಡಿಮೆ. 1925ರಲ್ಲಿ ಅವನು ಜಾನ್ ದಾಲ್ಸಿಯವರನ್ನು ಮದುವೆಯಾದ. ಇಬ್ಬರೂ ಮೋಂಪರ್ನಾಸ್ ರೈಲು ನಿಲ್ದಾಣದಲ್ಲಿ ಆಟಿಕೆ, ಮಿಠಾಯಿಗಳ ಪುಟ್ಟ ಅಂಗಡಿ ನಡೆಸಿದರು. ಅವನು ಯಾರೆಂಬುದು ಲೋಕಕ್ಕೆ ನೆನಪಾದದ್ದು ಆಮೇಲೆ. 1929ರಲ್ಲಿ ಪ್ಯಾರಿಸ್ ಅವನಿಗೆ ದೊಡ್ಡ ಸಮಾರಂಭ ಮಾಡಿತು.

ಈಗ ನಿಮ್ಮ ಮಗನ ವಿಷಯಕ್ಕೆ. ಅವನು ಮಾಡಿದ್ದು ಕೆಟ್ಟಿಲ್ಲ, ಇನ್ನೊಮ್ಮೆ ಮಾಡಲಿ. ಮೊಬೈಲನ್ನು ಕೈಯಲ್ಲಿ ಹಿಡಿಯದೆ ಪುಸ್ತಕಗಳ ರಾಶಿಗೆ ಒರಗಿಸಿ ನಿಲ್ಲಿಸಲಿ. ಬೆಳಕನ್ನೂ ಫೋಕಸನ್ನೂ ಕ್ಯಾಮೆರಾ ತಾನಾಗಿ ಬದಲಿಸದಂತೆ ಲಾಕ್ ಮಾಡಲಿ. ತಂಗಿ ಎದ್ದುಹೋದೊಡನೆ ಮೊಬೈಲು ಖಾಲಿ ಜಾಗಕ್ಕೆ ತಕ್ಕಂತೆ ಬೆಳಕು ಹೊಂದಿಸಿಕೊಳ್ಳುತ್ತದೆ. ನೀವು ಕಂಡ ‘ಹರಿದ’ ಗುರುತಿಗೆ ಇದೇ ಕಾರಣವಾಗಿರಬಹುದು. ಹಳೆಯ ಕ್ಯಾಮೆರಾದ ಬಿಳಿಚಿದ ಫ್ರೇಮ್‌ಗಳಿಗೆ ಇದು ದಾಯಾದಿ. ಪಾದಗಳ ಸುತ್ತ ಸೀಮೆಸುಣ್ಣದಿಂದ ಗೆರೆ ಎಳೆದುಕೊಂಡು, ತಂಗಿ ಆಚೆ ಹೋಗುವತನಕ ತಾನು ಕಂಬದಂತೆ ನಿಲ್ಲಲಿ. ರೆಕಾರ್ಡಿಂಗ್ ನಿಲ್ಲಿಸುವುದೇ ಬೇಡ. ಎಲ್ಲವನ್ನೂ ತೆಗೆದುಕೊಂಡು, ಆಮೇಲೆ ಒಂದೊಂದೇ ಫ್ರೇಮ್ ನೋಡುತ್ತ ಕತ್ತರಿಸಲಿ. ಬೀಸಿದ ಬಟ್ಟೆ ಗಾಳಿಯಲ್ಲಿ ಮಸುಕಾಗಿ ಕಾಣುವ ಕ್ಷಣದಲ್ಲೇ ಕತ್ತರಿ ಬೀಳಲಿ. ಚಲನೆಯೊಳಗೆ ಬಚ್ಚಿಟ್ಟ ಜೋಡಣೆಯನ್ನು ಕಣ್ಣು ಹಿಡಿಯುವುದಿಲ್ಲ.

ಇದೆಲ್ಲ ಆದ ಮೇಲೂ ಒಂದು ಉಳಿಯುತ್ತದೆ. ಮನೆಯವರೆಲ್ಲ ತಂಗಿ ಮಂಚದ ಕೆಳಗೆ ಅಡಗಿದ್ದಾಳೆ ಎಂದೇ ಎಣಿಸುತ್ತಾರೆ. ಅವಳನ್ನು ಮಾಯ ಮಾಡುವ ಮೊದಲು ಅವನು ಮಂಚದ ಹೊದಿಕೆಯನ್ನು ಎತ್ತಿ, ಕೆಳಗೆ ಏನೂ ಇಲ್ಲವೆಂದು ನಿಧಾನವಾಗಿ ತೋರಿಸಲಿ.